ಎರಡೂವರೆ ಮನೆ ಕೆಳಗೆ

ಬೆರಳು ತಣ್ಣಗಿದೆ, ಬೆನ್ನ ಮೇಲೆ ಕೊಕ್ಕೆಗಳನ್ನು ಒಂದೊಂದಾಗಿ ಸಿಕ್ಕಿಸುತ್ತಾ ಮೇಲೆ ಬರುತ್ತಿದೆ, ಏಳನೆಯದು, ಎಂಟನೆಯದು, ಒಂಬತ್ತನೆಯದರ ಹತ್ತಿರ ನಿಂತಿತು, ಉಸಿರು ಒಳಗೆಳ್ಕೊಳ್ಳಿ ಅನ್ನುತ್ತಾಳೆ ವಸ್ತ್ರದಕ್ಕ, ಬಾಯಲ್ಲಿ ಗುಂಡುಸೂಜಿ ಕಚ್ಚಿಕೊಂಡೇ, ಮೂವತ್ತು ವರ್ಷದಿಂದ ಅವಳ ಮಾತೆಲ್ಲ ಸೂಜಿಗಳ ಸಂದಿಯಿಂದಲೇ ಬರುವುದು, ಆಡಿದ್ದಕ್ಕಿಂತ ನುಂಗಿದ್ದೇ ಹೆಚ್ಚು — ಇವಳು ಉಸಿರೆಳೆದುಕೊಂಡಳು, ಕೊಕ್ಕೆ ಬಿತ್ತು, ಹೊರಗೆ ಕುರ್ಚಿಗಳ ಸದ್ದು ಶುರುವಾಗಿದೆ, ಮಡಚಿದ ಆಸನಗಳು ತಟ್ ತಟ್ಟೆಂದು ಬೀಳುವ ಸದ್ದು, ಮಧ್ಯಾಹ್ನದ ಆಟಕ್ಕೆ ವಯಸ್ಸಾದವರೇ ಜಾಸ್ತಿ, ಕೆಮ್ಮು, ಚೀಲದ ಜಿಪ್ಪು, ಒಳ್ಳೆಯ ಜನ, ಈ ನಾಟಕದ ದೊಡ್ಡ ಹಾಡನ್ನು ಮೊದಲು ಕೇಳಿದ್ದು ಯಾವ ವರ್ಷ ಎಂದು ಪಕ್ಕದವರಿಗೆ ಹೇಳಿಕೊಂಡು ಕೂರುವವರು. ಇಪ್ಪತ್ತೇಳು ವರ್ಷದಿಂದ ಇವಳು ಅದರಲ್ಲಿ ದೀಪಸ್ತಂಭದ ಕಾವಲುಗಾರನ ಹೆಂಡತಿ, ಗಂಡಂದಿರು ಆರು ಮಂದಿ ಬದಲಾದರು, ಹೆಂಡತಿ ಅವಳೇ, ನಿಮ್ಮನ್ನ ಕಟ್ಕೊಂಡೋರಿಗೆ ಆಯಸ್ಸು ಕಮ್ಮಿ ಕಣಮ್ಮಾ ಎಂದು ಪಿಯಾನೊ ಮೇಷ್ಟ್ರು ನಗಾಡುತ್ತಿದ್ದರು, ಕಿವಿಯ ಮೇಲೆ ಸದಾ ಒಂದು ಗಿಡ್ಡ ಪೆನ್ಸಿಲ್, ಈಗ ನೋಡಿದರೆ ಮೇಷ್ಟ್ರೇ ಹೋದರು, ಎಂಟು ದಿನವಾಯಿತು, ಎಂಟು ದಿನ ಆಟವಿಲ್ಲ, ಇವತ್ತು ಆಟ, ಪಿಯಾನೊದ ಮುಂದೆ ಹೊಸ ಹುಡುಗಿ. ಒಳ್ಳೆ ಹುಡುಗಿ, ಓದಿಕೊಂಡವಳು, ಬೆಳಿಗ್ಗೆ ಬಂದವಳೇ ಚಪ್ಪಲಿ ಬಿಟ್ಟು ಮೇಷ್ಟ್ರ ಹಳೇ ಸ್ಟೂಲನ್ನು ಕರವಸ್ತ್ರದಲ್ಲಿ ಒರೆಸಿ ಕೂತಳು, ಯಾರೂ ಹೇಳಿಕೊಟ್ಟಿರಲಿಲ್ಲ, ಆಮೇಲೆ ಹಾಡಿನ ಕಾಗದ ತೆಗೆದು, ಅಮ್ಮಾ ಇಲ್ಲಿ ಪೆನ್ಸಿಲ್ಲಲ್ಲಿ ಎರಡೂವರೆ ಅಂತಿದೆಯಲ್ಲ, ಶ್ರುತಿ ಎರಡೂವರೆ ಮನೆ ಇಳಿಸಿ ನುಡಿಸ್ಲಾ, ಇಲ್ಲಾ ಅಚ್ಚಾಗಿರೋ ಹಾಗೇನಾ? ಯಾರಿಗೆ ಇಳಿಸೋದು, ಅಂದಳು ಇವಳು. ಹುಡುಗಿ ಕಾಗದವನ್ನು ಕಿಟಕಿಗೆ ಹಿಡಿದಳು, ನೋಡಿ, ಮೊದಲು ಅರ್ಧ ಅಂತ ಬರೆದು ಉಜ್ಜಿದಾರೆ, ಅದರ ಮೇಲೆ ಒಂದು, ಉಜ್ಜಿದಾರೆ, ಒಂದೂವರೆ, ಎರಡು, ಐದು ಸಲ — ಉಜ್ಜಿ ಉಜ್ಜಿ ಕಾಗದದ ಮೂಲೆ ಸವೆದು ತೂತು ಬಿದ್ದಿತ್ತು, ಆ ತೂತಿನಿಂದ ಕಿಟಕಿಯ ಬಿಸಿಲು ತೂರಿ ಹುಡುಗಿಯ ಕೆನ್ನೆಯ ಮೇಲೆ ಬಿತ್ತು, ಒಂದು ಕಾಳಿನಷ್ಟು ಬೆಳಕು.

ಪಿಟೀಲಿನವರು ತಮ್ಮ ಬೂಟು ನೋಡಿಕೊಂಡರು, ಡ್ರಮ್ಮಿನವನಿಗೆ ಚೀಲದೊಳಗೆ ಏನೋ ಕಳೆದುಹೋಯಿತು, ಹೌದಲ್ಲ, ಮೇಷ್ಟ್ರೊಬ್ಬರೇ ಇಳಿಸಿದರೆ ಆಗುತ್ತದೆಯೇ, ಪಿಟೀಲಿನವರೂ ಇಳಿಸಬೇಕು, ಹಿಮ್ಮೇಳದ ಹುಡುಗಿಯರೂ ಇಳಿಸಬೇಕು, ಎಲ್ಲರಿಗೂ ಗೊತ್ತಿತ್ತು, ಹನ್ನೊಂದು ವರ್ಷ ಮೇಳಕ್ಕೆಲ್ಲ ಗೊತ್ತಿದ್ದ ಸಂಗತಿ ಇವಳಿಗೊಬ್ಬಳಿಗೆ ಗೊತ್ತಿರಲಿಲ್ಲ, ಪತ್ರಿಕೆಯವರು ಬರೆದರು, ಕಾಲ ಮುಟ್ಟದ ಕಂಠ, ಅದನ್ನು ಕತ್ತರಿಸಿ ಕನ್ನಡಿಯ ಅಂಚಿಗೆ ಸಿಕ್ಕಿಸಿದ್ದಾಳೆ, ವಸ್ತ್ರದಕ್ಕ ದಿನಾ ಅದರ ಧೂಳು ಒರೆಸುತ್ತಾಳೆ, ಒರೆಸುವಾಗ ಏನಂದುಕೊಳ್ಳುತ್ತಿದ್ದಳೋ. ಬಾಗಿಲಲ್ಲಿ ಕಂಪನಿ ಮಾಲೀಕರು ನಿಂತಿದ್ದರು, ಅವರ ಪಕ್ಕ ಎರಡನೇ ಹುಡುಗಿ, ಇವಳಿಗೆ ಜ್ವರ ಬಂದರೆ ಹಾಡಲೆಂದು ನಾಲ್ಕು ವರ್ಷದಿಂದ ಕಾದಿರುವವಳು, ನಾಲ್ಕು ವರ್ಷದಲ್ಲಿ ಇವಳಿಗೆ ಒಮ್ಮೆಯೂ ಜ್ವರ ಬರಲಿಲ್ಲ, ಬರಗೊಡಲಿಲ್ಲ. ಅಚ್ಚಾಗಿರೋ ಹಾಗೇ ನುಡಿಸಮ್ಮ, ಅಂದಳು ಇವಳು, ಮೇಷ್ಟ್ರದು ಏನೋ ಹಳೇ ಲೆಕ್ಕ ಅದು. ಭೇಷ್, ಅಂದರು ಮಾಲೀಕರು. ಹಾಡಿ ನೋಡಲಿಲ್ಲ, ತಾಲೀಮಿನಲ್ಲಿ ಇವಳು ಯಾವತ್ತೂ ಹಾಡುವುದಿಲ್ಲ, ತುಟಿ ಆಡಿಸುತ್ತಾಳೆ ಅಷ್ಟೆ, ದೊಡ್ಡವರ ರೀತಿ ಅದು, ಹಿರಿಯಾಕೆಯಿಂದ ಕಲಿತದ್ದು — ಹಿರಿಯಾಕೆ ಬೇಡ, ಈಗ ಬೇಡ, ಕಾಡಿಗೆ ಎಲ್ಲಿ, ಕಣ್ಣು ಮೇಲೆತ್ತಿ ಅನ್ನುತ್ತಾಳೆ ವಸ್ತ್ರದಕ್ಕ, ಮೇಲೆ ನೋಡಿದರೆ ಚಾವಣಿಯ ತೇವದ ಕಲೆ, ಕೆಳಗೆ ನೋಡಿದರೆ ಅಮ್ಮನ ಇಸ್ತ್ರಿ ಮೇಜು, ಇದೇ ಕೋಣೆ, ಅಮ್ಮ ಇದೇ ಕಂಪನಿಯ ಬಟ್ಟೆ ಒಗೆದು ಇಸ್ತ್ರಿ ಮಾಡುತ್ತಿದ್ದಳು, ಕಾಲರಿನ ಬೆವರು, ಗಂಜಿಯ ವಾಸನೆ, ಹಬೆಯೊಳಗೆ ನಿಂತು ಹತ್ತೊಂಬತ್ತರ ಹುಡುಗಿ ಹಾಡುತ್ತಿದ್ದಾಳೆ, ಯಾರದು ಇಸ್ತ್ರಿ ಪೆಟ್ಟಿಗೆಗೆ ಪಾಠ ಹೇಳ್ತಿರೋದು ಎನ್ನುತ್ತಾ ಮೇಷ್ಟ್ರು ಇಣುಕುತ್ತಾರೆ, ಕಿವಿಯ ಮೇಲೆ ಪೆನ್ಸಿಲ್, ತಲೆಕೂದಲು ಇನ್ನೂ ಕಪ್ಪು, ಅಮ್ಮ ಗಾಬರಿಯಲ್ಲಿ ಕೈ ಸುಟ್ಟುಕೊಂಡಳು.

ಹಿರಿಯಾಕೆ ಬಂದೇ ಬಂದಳು. ಆಗ ದೀಪಸ್ತಂಭದವನ ಹೆಂಡತಿ ಅವಳು, ಐವತ್ತು ದಾಟಿದ್ದಳು, ಇಸ್ತ್ರಿಯವಳ ಮಗಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಊಟ ಹಂಚಿಕೊಂಡವಳು, ಮೆಟ್ಟಿಲಿಳಿಯುವಾಗ ಕಾಲು ನೋಡ್ಬೇಡ ಮಗು, ಕಾಲಿಗೆ ದಾರಿ ಗೊತ್ತು, ನೀನು ಕೊನೇ ಸಾಲಿನವರನ್ನ ನೋಡು ಎಂದು ಕೈಹಿಡಿದು ನಡೆಸಿದವಳು. ಅವಳಿಗೂ ಮೇಷ್ಟ್ರು ಇಳಿಸಿ ನುಡಿಸುತ್ತಿದ್ದರು, ಒಂದು ಮನೆ, ಬರೀ ಒಂದು ಮನೆ, ಅದನ್ನು ಕಂಡುಹಿಡಿದದ್ದು ಇವಳ ಕಿವಿ, ಇಪ್ಪತ್ತಾರರ ಕಿವಿ, ಗುಂಡುಸೂಜಿ ಬಿದ್ದರೆ ಯಾವ ಸ್ವರ ಎಂದು ಹೇಳುತ್ತಿದ್ದ ಕಿವಿ, ಮಾಲೀಕರ ಕೋಣೆಗೆ ಇಸ್ತ್ರಿ ಮಾಡಿದ ಕೋಟು ಕೊಡಲು ಹೋದವಳು ಹೇಳಿಯೇಬಿಟ್ಟಳು, ಮೇಷ್ಟ್ರು ಅವ್ರಿಗೆ ಇಳಿಸಿ ನುಡಿಸ್ತಾರೆ ಸಾರ್, ನಾನಾದ್ರೆ ಅಚ್ಚಲ್ಲಿರೋ ಹಾಗೇ ಹಾಡ್ತೀನಿ. ಅಷ್ಟೇ. ಒಂದೇ ವಾಕ್ಯ, ಕೋಟಿನ ಮಡಿಕೆ ಸರಿಮಾಡುತ್ತಾ. ಮಾರನೇ ದಿನ ಮಾಲೀಕರು ಪಿಯಾನೊದ ಪಕ್ಕ ಕುರ್ಚಿ ಹಾಕಿಕೊಂಡು ಕೂತರು, ಮೇಷ್ಟ್ರು ಅಚ್ಚಿನಂತೆ ನುಡಿಸಿದರು, ಹಿರಿಯಾಕೆ ಮೆಟ್ಟಿಲ ತುದಿಯಲ್ಲಿ ಬಾಯಿ ತೆರೆದಳು, ಆ ಹಾಡು ಶುರುವಾಗುವುದೇ ತುದಿಯ ಸ್ವರದಿಂದ, ಪಿಯಾನೊ ಪೂರಾ ನಿಂತಮೇಲೆ, ಮೌನದಲ್ಲಿ, ಬಾ ಎಂಬ ಒಂದೇ ಅಕ್ಷರ, ಸಮುದ್ರದಲ್ಲಿರುವ ಗಂಡನಿಗೆ, ಅಕ್ಷರ ನಡುವೆ ಮುರಿಯಿತು, ಒಣಕಡ್ಡಿ ಮುರಿದ ಹಾಗೆ, ಮೂರನೇ ಸಾಲಿನಲ್ಲಿ ಯಾರೋ ನಕ್ಕರು. ವಿಂಗ್‌ನಲ್ಲಿ ನಿಂತಿದ್ದ ಇವಳ ಗಂಟಲು ಆಗಲೇ ಆ ಸ್ವರವನ್ನು ಹಿಡಿದು ತಯಾರಾಗಿತ್ತು. ಆಮೇಲೆ ಓಣಿಯಲ್ಲಿ ಹಿರಿಯಾಕೆ ತನ್ನ ಶಾಲು ಬಿಚ್ಚಿ ಇವಳ ಕೊರಳಿಗೆ ಸುತ್ತಿದಳು, ಗಾಳಿ ಇದೆ, ಗಂಟಲು ಬೆಚ್ಚಗಿಟ್ಕೋ, ನಾಳೆಯಿಂದ ನಿಂದೇ ಅಲ್ವಾ. ಗೊತ್ತಿತ್ತೇ ಅವಳಿಗೆ, ಗೊತ್ತಿಲ್ಲದೆ ಸುತ್ತಿದಳೇ. ಮೇಷ್ಟ್ರಿಗಂತೂ ಗೊತ್ತಿತ್ತು, ಮೂರು ತಿಂಗಳು ಇವಳ ಹತ್ತಿರ ಹಾಡಿನ ವಿಷಯ ಬಿಟ್ಟು ಒಂದು ಮಾತೂ ಆಡಲಿಲ್ಲ, ಅಂಥ ಮನುಷ್ಯ ಇವಳಿಗೂ ಇಳಿಸಿದನಲ್ಲ, ಎರಡು ವರ್ಷಕ್ಕೊಮ್ಮೆ ಅರ್ಧ ಮನೆ, ಪೆನ್ಸಿಲ್ಲಿನಲ್ಲಿ ಬರೆದು, ಉಜ್ಜಿ, ಬರೆದು. ಆಸ್ಪತ್ರೆಯಲ್ಲಿ, ಹೋಗುವ ಎರಡು ದಿನ ಮುಂಚೆ, ಇವಳ ಕೈಹಿಡಿದುಕೊಂಡು, ಆ ಕಾಗದ ಒಂದು ತಂದ್ಕೊಡಿ, ಹೊಸದಾಗಿ ಬರೆದಿಡ್ತೀನಿ, ತುಂಬಾ ಹಳೇದಾಗಿದೆ ಎಂದರು, ಹೊಸ ಪ್ರತಿ, ಇಳಿದ ಶ್ರುತಿಯಲ್ಲೇ, ಒರೆಸಿದ ಗುರುತಿಲ್ಲದೆ, ಯಾರಿಗೂ ತಿಳಿಯದ ಹಾಗೆ, ಅದನ್ನು ಮಾಡಿಟ್ಟು ಹೋಗಲು ನೋಡಿದರು, ಇವಳು ಏನಂದಳು, ಈಗ ಯಾಕೆ ಮೇಷ್ಟ್ರೇ ಅದೆಲ್ಲಾ, ಸುಮ್ನೆ ಮಲ್ಕೊಳ್ಳಿ, ಅವರು ಇನ್ನೆರಡು ಸಲ ಕೇಳಿದರು, ಇವಳು ಕಿತ್ತಳೆ ಸುಲಿಯುತ್ತಾ ಕೂತಿದ್ದಳು — ಕೆನ್ನೆಯ ಮೇಲೆ ಕಾಳಿನಷ್ಟು ಬೆಳಕು, ಹುಡುಗಿ ಅದನ್ನು ನೊಣವೇನೋ ಎಂಬಂತೆ ಒರೆಸಿಕೊಂಡಳು.

ಹೋಗಿ ಒಂದು ಮಾತು ಹೇಳಿ ಬರ್ಲಾ, ಅನ್ನುತ್ತಾಳೆ ವಸ್ತ್ರದಕ್ಕ. ಬಾಯಿಂದ ಸೂಜಿಗಳನ್ನು ತೆಗೆದು ಅಂಗೈಯಲ್ಲಿಟ್ಟುಕೊಂಡಿದ್ದಾಳೆ, ಮೂವತ್ತು ವರ್ಷದಲ್ಲಿ ಇದೇ ಮೊದಲು. ಏನಂತ ಹೇಳ್ತೀಯಾ. ಏನೂಂತ ಇಲ್ಲ, ಆ ಹುಡುಗಿ ಜಾಣೆ, ಕಣ್ಣಲ್ಲಿ ಹೇಳಿದ್ರೂ ತಿಳ್ಕೋತಾಳೆ. ಬೇಡ. ಅಕ್ಕಾ ನಾನು ಹೇಳ್ದೆ ಅಂತ ಯಾರಿಗೂ — ಬೇಡ ಅಂದ್ನಲ್ಲ. ಇಷ್ಟು ಗಟ್ಟಿಯಾಗಿ ಅನ್ನಬಾರದಿತ್ತು, ಸೂಜಿಗಳು ಮತ್ತೆ ಬಾಯಿಗೆ ಹೋದವು. ಒಂದು ಹೂಂ ಅಂದಿದ್ದರೆ ಮುಗಿಯುತ್ತಿತ್ತು, ಗಂಟಲಲ್ಲಿ ಬಂದು ಕೂತಿತ್ತು ಆ ಹೂಂ, ಆದರೆ ಹೂಂ ಅಂದರೆ ಆ ಹನ್ನೊಂದು ವರ್ಷಕ್ಕೂ ಹೂಂ ಅಂದ ಹಾಗೆ, ಹಿರಿಯಾಕೆಯ ಒಂದು ಮನೆಗೂ. ಬಾಗಿಲು ತಟ್ಟಿ ಎರಡನೇ ಹುಡುಗಿ ಬಿಸಿನೀರು ತಂದಿಟ್ಟಳು, ಅಕ್ಕಾ ಕುಡೀರಿ, ಲೋಟ ಸುಡುತ್ತೆ ಅಂತ ಬಟ್ಟೆ ಸುತ್ತಿದೀನಿ, ಬಟ್ಟೆ ಸುತ್ತಿದ ಲೋಟ, ಇದು ಅಕ್ಕರೆಯೋ, ಇವಳೂ ಕೋಟು ಮಡಿಚಿಕೊಟ್ಟು ಬಂದಳೋ, ಮುಖ ನೋಡಿದರೆ ತಿಳಿಯುವುದಿಲ್ಲ, ತನ್ನ ಮುಖ ನೋಡಿ ಹಿರಿಯಾಕೆಗೂ ತಿಳಿದಿರಲಿಕ್ಕಿಲ್ಲ.

ಮೊದಲ ಅಂಕ ಹೇಗೋ ಕಳೆಯಿತು, ಅಲ್ಲಿನದೆಲ್ಲ ತಗ್ಗಿನ ಹಾಡುಗಳು, ಎಂದೂ ಯಾರೂ ಇಳಿಸಬೇಕಾಗಿರದ ಹಾಡುಗಳು, ಜನ ಚಪ್ಪಾಳೆ ತಟ್ಟಿದರು, ಈಗ ಎರಡನೆಯದರ ಕೊನೆ, ಹನ್ನೆರಡು ಮೆಟ್ಟಿಲು, ಕಾಲಿಗೆ ದಾರಿ ಗೊತ್ತು, ತುದಿಗೆ ಬಂದು ನಿಂತಳು, ಕೆಳಗೆ ಕತ್ತಲಲ್ಲಿ ಪಿಯಾನೊದ ಪುಟ್ಟ ದೀಪ, ವಿಂಗ್‌ನಲ್ಲಿ ಎರಡನೇ ಹುಡುಗಿಯ ಕತ್ತು ಚಾಚಿದೆ, ತುಟಿ ಆಗಲೇ ತುಸು ತೆರೆದಿದೆ, ಪಿಯಾನೊ ಶುರುವಾಯಿತು, ಅಲೆಯ ಹಾಗೆ ಬಂದು ಹೋಗುವ ಎಂಟು ಸಾಲು, ಇವಳು ಕಿವಿಗೊಟ್ಟಳು, ಇದು ಅಚ್ಚಿನದು, ಅಲ್ಲ, ಇಳಿಸಿದ್ದು, ವಸ್ತ್ರದಕ್ಕ ಹೇಳಿಯೇ ಬಂದಿದ್ದಾಳೆ, ಇಲ್ಲ, ಅಚ್ಚಿನದೇ ಇರಬೇಕು, ಇರಬೇಕು ಅಂದರೇನು, ತಿಳಿಯಬೇಡವೇ, ಮೂರನೇ ಸಾಲು, ನಾಲ್ಕನೇ ಸಾಲು, ತಿಳಿಯುತ್ತಿಲ್ಲ, ಗುಂಡುಸೂಜಿ ಬಿದ್ದರೆ ಸ್ವರ ಹೇಳುತ್ತಿದ್ದ ಕಿವಿಗೆ ತಿಳಿಯುತ್ತಿಲ್ಲ, ಮೇಷ್ಟ್ರು ಗಂಟಲಿನ ಜೊತೆಗೆ ಕಿವಿಯನ್ನೂ ಕೈಹಿಡಿದು ಇಳಿಸಿಕೊಂಡು ಬಂದಿದ್ದರು, ಎಲ್ಲಿಂದ ಇಳಿದೆ ಎಂಬುದೇ ಮರೆತುಹೋಗುವಷ್ಟು ಮೆಲ್ಲಗೆ, ಬಾಯಿ ತೆರೆದರೇ ಗೊತ್ತಾಗುವುದು, ತೆರೆದ ಮೇಲೆ ಗೊತ್ತಾಗಿ ಏನು, ಏಳನೇ ಸಾಲು, ಎಂಟು, ಪಿಯಾನೊ ನಿಂತಿತು, ಕೊನೆಯ ಸಾಲಿನವರೆಗೂ ಮೌನ, ಯಾರೂ ಕೆಮ್ಮುತ್ತಿಲ್ಲ, ಹುಡುಗಿ ಎರಡೂ ಕೈ ತೊಡೆಯ ಮೇಲಿಟ್ಟುಕೊಂಡು ಮುಖ ಎತ್ತಿ ಇವಳನ್ನೇ ನೋಡುತ್ತಿದ್ದಾಳೆ, ತೂತು ಬಿದ್ದ ಕಾಗದದ ಹಿಂದಿನಿಂದ ದೀಪ, ಬಾಯಿ ತೆರೆದಿದೆ, ಉಸಿರು ತುಂಬಿದೆ, ಹುಡುಗಿಯ ಕೆನ್ನೆ, ಕೆನ್ನೆಯ ಮೇಲೆ ಕಾಳಿನಷ್ಟು ಬೆಳಕು, ಅಲ್ಲಾಡುತ್ತಿಲ್ಲ, ಕಾಳಿನಷ್ಟು ಬೆಳಕು, ಕಾಳಿನಷ್ಟು —