ಸಂತ ಹೆಡ್ವಿಗ್ ಆಸ್ಪತ್ರೆಯ ಕೊನೆಯ ರೋಗಿ

ಸಿಸ್ಟರ್ ಕ್ಲೋಟಿಲ್ಡಾಗೆ ಸುಸ್ತಾಗಿತ್ತು. ಒಂದು ನಿದ್ದೆ ತೆಗೆದರೆ ಹೋಗುವ ಸುಸ್ತಲ್ಲ. ಮೂಳೆಯೊಳಗೆ ಹೊಕ್ಕು, ಬಾಡಿಗೆ ಕೊಡದೆ ಸಂಸಾರ ಹೂಡಿದ ಸುಸ್ತು. ಎಂಬತ್ತು ದಾಟಿದ ಮೊಣಕಾಲುಗಳನ್ನು ಬೈದುಕೊಳ್ಳುತ್ತಾ ಅವಳು ಮೂರನೇ ಮಹಡಿಯ ಕಾರಿಡಾರಿನಲ್ಲಿ ಗೋಡೆ ಹಿಡಿದು ಬರುತ್ತಿದ್ದಳು. ಎರಡೂ ಬದಿಗೆ ಖಾಲಿ ಕೋಣೆಗಳು, ಹಾಸಿಗೆ ಕಿತ್ತ ಮಂಚಗಳು. ಅಮೆರಿಕದ ಕ್ಲೀವ್‌ಲ್ಯಾಂಡಿನ ಸಂತ ಹೆಡ್ವಿಗ್ ಆಸ್ಪತ್ರೆಯನ್ನು ಯಾವುದೋ ಕಂಪನಿ ಕೊಂಡುಕೊಂಡಿತ್ತು. ಶುಕ್ರವಾರ ಬಿಷಪ್ಪರು ಬಂದು ಕೊನೆಯ ಪೂಜೆ ಮಾಡುತ್ತಾರೆ, ಆಮೇಲೆ ಬಾಗಿಲಿಗೆ ಬೀಗ. ಅಷ್ಟು ದೊಡ್ಡ ಕಟ್ಟಡದಲ್ಲಿ ಉಳಿದ ಸನ್ಯಾಸಿನಿ ಅವಳೊಬ್ಬಳು, ಉಳಿದ ರೋಗಿ ಕಾಸಿಮಿರ್ ದುದೆಕ್ ಒಬ್ಬ.

ದುದೆಕ್ ಉಕ್ಕಿನ ಕಾರ್ಖಾನೆಯಲ್ಲಿ ಜೀವ ತೇಯ್ದವನು. ಶ್ವಾಸಕೋಶ ಕೆಟ್ಟು ಕೂತಿತ್ತು. ಅವನೂ ಅವಳೂ ಒಂದೇ ಬೀದಿಯಲ್ಲಿ ಆಡಿ ಬೆಳೆದ ಪೋಲಿಷ್ ಮಕ್ಕಳು. ನಾಲ್ಕು ಜನರ ಎದುರು ಅವಳನ್ನು ಸಿಸ್ಟರ್ ಅನ್ನುತ್ತಿದ್ದ. ಯಾರೂ ಇಲ್ಲದಾಗ ಹುಟ್ಟುಹೆಸರು ಹಿಡಿದೇ ಕರೆಯುವುದು.

"ಜೆನಿಯಾ, ನಿನ್ನ ಜೋಸೆಫ್ ಏನ್ ಮಾಡ್ತಿದ್ದಾನೆ? ನಿದ್ದೆ ಹೊಡೀತಿದ್ದಾನಾ?" ಅವಳು ಒಳಗೆ ಕಾಲಿಡುತ್ತಲೇ ಕೇಳಿದ.

"ಸಂತರನ್ನ ಹಾಗೆಲ್ಲ ಅನ್ಬೇಡ ಕಣೋ."

"ಅನ್ನದೆ? ಮೂರು ದಿನ ಆಯ್ತು ನಾನು ಅರ್ಜಿ ಹಾಕಿ."

ಒಳ್ಳೆಯ ಮರಣ ಕೊಡುವವನು ಸಂತ ಜೋಸೆಫ್. ಈ ಆಸ್ಪತ್ರೆಯ ಸಿಸ್ಟರುಗಳು ಸಾಯುವವರ ಮಂಚದ ಪಕ್ಕ ಮಂಡಿಯೂರಿ ಅವನಿಗೆ ಮೊರೆಯಿಡುವುದು ಮೊದಲಿನಿಂದ ನಡೆದುಬಂದ ಪದ್ಧತಿ. ದುದೆಕ್ ಕೇಳಿದ್ದೂ ಅದನ್ನೇ, ಆದರೆ ವಾಯಿದೆ ಹಾಕಿ ಕೇಳಿದ್ದ: ಶುಕ್ರವಾರಕ್ಕೆ ಮುಂಚೆ, ಇದೇ ಮಂಚದ ಮೇಲೆ.

"ನಾನು ಹುಟ್ಟಿದ್ದು ಇದೇ ಕಾರಿಡಾರಲ್ಲಿ. ಲಿಫ್ಟ್ ಬರೋವರೆಗೂ ನನಗೆ ತಡ್ಕೊಳ್ಳೋಕೆ ಆಗ್ಲಿಲ್ವಂತೆ," ಅಂದಿದ್ದ ಆವತ್ತು. "ಕೈ ಸುಟ್ಕೊಂಡಾಗ ಇಲ್ಲೇ ಮಲಗಿದ್ದೆ. ನನ್ನ ಹೆಂಡ್ತಿ ಹೆಲೆನ್ ಹೋಗಿದ್ದು ಆ ಕಿಟಕಿ ಪಕ್ಕ. ಬೇರೆ ಕಡೆ ಸಾಯೋದು ಹೇಗೆ ಅಂತ ನನಗೆ ಗೊತ್ತಿಲ್ಲ ಕಣೆ. ಕೇಳ್ತೀಯಾ ಅವನನ್ನ?"

"ಕೇಳ್ತೀನಿ," ಅಂದಿದ್ದಳು.

ಈಗ ಅವನು ಕೆಮ್ಮಿ, ಸುಧಾರಿಸಿಕೊಂಡು, ಮತ್ತೆ ಕೆಣಕಿದ: "ನಿಮ್ಮ ದೊಡ್ಡವರು ಜೋಸೆಫನನ್ನ ಅಂಗಳದಲ್ಲಿ ತಲೆಕೆಳಗಾಗಿ ಹೂತಿರ್ಬೇಕು. ಅದಕ್ಕೇ ಕಟ್ಟಡ ಇಷ್ಟು ಬೇಗ ಮಾರಾಟ ಆಯ್ತು. ಮಣ್ಣೊಳಗೆ ಇರೋನಿಗೆ ನನ್ನ ಮಾತು ಎಲ್ಲಿಂದ ಕೇಳಿಸ್ಬೇಕು!"

ಮನೆ ಬೇಗ ಮಾರಾಟವಾಗಲಿ ಅಂತ ಆ ಊರಿನವರು ಜೋಸೆಫನ ಪುಟ್ಟ ಗೊಂಬೆಯನ್ನು ಹಾಗೆ ಹೂಳುವುದುಂಟು. ಸಿಸ್ಟರಿಗೆ ನಗು ಬಂತು. ನಕ್ಕಿದ್ದಕ್ಕೆ ಪಕ್ಕೆ ನೋವೂ ಬಂತು.

ನಗುವಂಥದ್ದೇನೂ ಇರಲಿಲ್ಲ ಅನ್ನಿ. ಈ ಆಸ್ಪತ್ರೆ ಶುರುವಾಗಿದ್ದು ಒಂದು ಹೆಂಡದಂಗಡಿಯ ಮಾಳಿಗೆಯಲ್ಲಿ. ಪೀಪಾಯಿಗಳ ಮೇಲೆ ಹಳೇ ಬಾಗಿಲು ಹಾಸಿ, ಅದನ್ನೇ ಮಂಚ ಅಂತ ಕರೆದರು ಆ ಮೊದಲ ಸಿಸ್ಟರುಗಳು. ಕೆಳಗೆ ಕುಡುಕರ ಹಾಡು, ಮೇಲೆ ಬಾಣಂತಿಯರ ಕೂಗು. ಆಮೇಲೆ ಕಾರ್ಖಾನೆಗಳು ಬೆಳೆದವು, ಸುಟ್ಟ ಮೈಗಳು ಬಂದವು, ಇಟ್ಟಿಗೆ ಮೇಲೆ ಇಟ್ಟಿಗೆ ಏರಿತು. ಇನ್‌ಫ್ಲುಯೆಂಜಾ ಬಂದ ವರ್ಷ ಪ್ರಾರ್ಥನಾಲಯದ ಬೆಂಚುಗಳ ಮೇಲೂ ರೋಗಿಗಳನ್ನು ಮಲಗಿಸಿ, ಪೂಜೆಯನ್ನು ಕಾರಿಡಾರಿಗೆ ತಂದರು. ಊರಿನ ಅಧಿಕಾರಿಗಳು ಮುಚ್ಚಿ ಅಂದಾಗ ಆಗಿನ ಹಿರಿಯ ಮದರ್ ಬಾಗಿಲಲ್ಲಿ ಕುರ್ಚಿ ಹಾಕಿಕೊಂಡು ಕೂತುಬಿಟ್ಟರಂತೆ. "ಒಬ್ಬ ರೋಗಿ ಒಳಗಿರೋವರೆಗೂ ಈ ಬಾಗಿಲು ಮುಚ್ಚಲ್ಲ" ಅಂದರಂತೆ. ಆ ಮಾತನ್ನು ಎಳೆಯ ಸಿಸ್ಟರುಗಳಿಗೆ ಜಪದ ಜೊತೆ ಕಲಿಸುತ್ತಿದ್ದರು. ಕ್ಲೋಟಿಲ್ಡಾ ಕೂಡ ಹಾಗೇ ಕಲಿತಿದ್ದಳು.

ಆಮೇಲಿನದು ಎಲ್ಲರಿಗೂ ಗೊತ್ತಿದ್ದದ್ದೇ. ಕಾರ್ಖಾನೆ ಮುಚ್ಚಿತು, ಬೀದಿ ಖಾಲಿಯಾಯಿತು, ಹೊಸ ಹುಡುಗಿಯರು ಮಠಕ್ಕೆ ಬರಲಿಲ್ಲ, ಇದ್ದವರು ಒಬ್ಬೊಬ್ಬರೇ ಸ್ಮಶಾನದ ಸಾಲಿಗೆ ಸೇರಿದರು. ಅವಳ ಹತ್ತಿರ ಉಳಿದದ್ದು ಆ ಮಾತೊಂದೇ. ಒಬ್ಬ ರೋಗಿ ಒಳಗಿರೋವರೆಗೂ.

ಅದಕ್ಕೇ ಅವಳು ಜೋಸೆಫನಿಗೆ ಹೇಳಿದ್ದೇ ಬೇರೆ. ದಿನಾ ಸಂಜೆ ಪ್ರಾರ್ಥನಾಲಯಕ್ಕೆ ಹೋಗಿ, ಮಂಡಿಯೂರಲಾಗದೆ ಬೆಂಚಿನ ಮೇಲೇ ಕುಸಿದು, "ಅವನನ್ನ ಕರ್ಕೋಬೇಡಪ್ಪಾ. ಶುಕ್ರವಾರ ದಾಟ್ಲಿ. ಅವನು ಉಸಿರಾಡ್ತಾ ಇರ್ಲಿ" ಅಂತ ಬೇಡುತ್ತಿದ್ದಳು. ಅಲ್ಲಾಡಿಸಲಾಗದ ಒಬ್ಬ ರೋಗಿ ಮಂಚದ ಮೇಲಿದ್ದರೆ ಬಾಗಿಲು ಹೇಗೆ ಮುಚ್ಚುತ್ತಾರೆ? ನೋಡಿಯೇಬಿಡೋಣ ಅಂತಿತ್ತು ಅವಳಿಗೆ. ಕಂಪನಿಯವರು ಆ ಮದರ್ ಮಾತನ್ನು ಕೇಳಿಯೂ ಇರಲಿಲ್ಲ ಅನ್ನುವುದು ಆ ಮುದುಕಿಯ ತಲೆಗೆ ಹೊಳೆಯಲೇ ಇಲ್ಲ. ದುದೆಕ್‌ನ ಮುಖ ನೋಡಲಾಗದೆ ಅವನ ಹೊದಿಕೆ ಎಳೆದೆಳೆದು ಸರಿಮಾಡುತ್ತಿದ್ದಳು. ಆದರೂ ಬೇಡುವುದನ್ನು ಬಿಡಲಿಲ್ಲ.

ಬುಧವಾರ ಅವನು ಬೀಟ್ರೂಟ್ ಸಾರು ಕೇಳಿದ. ಅಡುಗೆಮನೆ ಆಗಲೇ ಮುಚ್ಚಿತ್ತು. ನರ್ಸ್ ಲೊರೇನ್ ಪೋಲಿಷ್ ಅಂಗಡಿಗೆ ಹೋಗಿ ತಂದಳು. ಬಟ್ಟಲು ಪೂರ್ತಿ ಖಾಲಿ ಮಾಡಿ, "ಹುಳಿ ಸಾಲದು" ಅಂತ ಗೊಣಗಿದ. ಗುರುವಾರ ದಿಂಬಿಗೊರಗಿ ಎದ್ದು ಕೂತ.

"ಏನ್ ಸಿಸ್ಟರ್ ಇದು? ಮುದುಕ ಚಿಗುರ್ತಾ ಇದ್ದಾನೆ," ಅಂದಳು ಲೊರೇನ್.

ಸಿಸ್ಟರ್ ದಿಂಬು ಸರಿಮಾಡಿದಳು. ಒಳಗೊಳಗೇ ಹಿಗ್ಗಿದಳು.

ಶುಕ್ರವಾರ ಬೆಳಿಗ್ಗೆ ಡಾಕ್ಟರ್ ಬಂದ. ಎಳೆಯ ಮುಖದ, ಒಳ್ಳೆಯ ಮನಸ್ಸಿನ ಮನುಷ್ಯ. ಎದೆಗೆ ಕೊಳವೆ ಇಟ್ಟು ಕೇಳಿ ಬೆರಗಾದ.

"ಸಿಸ್ಟರ್, ಕಫ ಇಳಿದಿದೆ. ಹೋದ ವಾರದ ಥರ ಇದ್ದಿದ್ರೆ ಇವರನ್ನ ಮುಟ್ಟೋಕೂ ನಾನು ಬಿಡ್ತಿರ್ಲಿಲ್ಲ. ಇಲ್ಲೇ ಇಟ್ಕೊಳ್ಳಿ, ಮುಗಿಯೋವರೆಗೂ ಕಾಯಿರಿ ಅಂತ ಬರೆದುಕೊಡೋನಿದ್ದೆ. ಈಗ ಪರವಾಗಿಲ್ಲ, ಸಾಗಿಸಬಹುದು. ದೊಡ್ಡಾಸ್ಪತ್ರೆಯಿಂದ ಗಾಡಿ ಕರೆಸ್ತೀನಿ."

ದೇವರು ವರ ಕೊಟ್ಟರೂ ಪೂಜಾರಿ ಕೊಡ ಅನ್ನುತ್ತಾರೆ. ಇಲ್ಲಿ ದೇವರೂ ಕೊಟ್ಟ, ಪೂಜಾರಿಯೂ ಕೊಟ್ಟ, ಬೇಡಿದವಳೇ ಕೆಟ್ಟಳು. ಸುಮ್ಮನಿದ್ದಿದ್ದರೆ ದುದೆಕ್ ಇಲ್ಲೇ, ತನ್ನ ಕಿಟಕಿಯ ಪಕ್ಕ, ತನಗೆ ಬೇಕಾದ ಹಾಗೆ ಹೋಗುತ್ತಿದ್ದ. ಮಂಚದ ಕಂಬಿ ಹಿಡಿದುಕೊಂಡಳು.

ಡಾಕ್ಟರ್ ಹೋದ ಮೇಲೆ ದುದೆಕ್ ಗೋಡೆ ಕಡೆ ತಿರುಗಿ ಮಲಗಿದ.

"ಕಿವುಡ ನಿನ್ನ ಜೋಸೆಫ್."

"ಕಿವುಡನಲ್ಲ ದುದೆಕ್. ಅವನಿಗೆ ಕೇಳಿಸ್ತು."

"ಕೇಳಿಸಿದ್ರೆ ಇದೇನಿದು ಮತ್ತೆ?"

"ನಾನು ಕೇಳಿದ್ದೇ ಇದು. ನೀನು ಸಾಯ್ಬಾರ್ದು ಅಂತ ಕೇಳ್ಕೊಂಡೆ. ನೀನಿದ್ರೆ ಬಾಗಿಲು ಮುಚ್ಚಲ್ಲ ಅಂದ್ಕೊಂಡೆ."

ಅವನು ನಿಧಾನಕ್ಕೆ ಈ ಕಡೆ ತಿರುಗಿದ. ಅಷ್ಟಕ್ಕೇ ಏದುಸಿರು ಬಂತು. ಕಣ್ಣು ಕೆಂಪಾಗಿತ್ತು.

"ನನ್ನನ್ನ ಬಾಗಿಲಿಗೆ ಅಡ್ಡ ಇಡೋ ಕಲ್ಲು ಮಾಡ್ಕೊಂಡ್ಯಾ ಜೆನಿಯಾ?"

"ಹೌದು."

"ಥೂ ನಿನ್ನ! ನಂಬಿದ್ದೆನಲ್ಲೇ."

ಅವಳು ಕ್ಷಮಿಸು ಅನ್ನಲಿಲ್ಲ. ಆ ಪದವನ್ನು ಬಾಯಿಗೆ ತರುವಷ್ಟು ಶಕ್ತಿ ಉಳಿದಿರಲಿಲ್ಲ. ಅವನ ಕಾಲುಚೀಲ ಹುಡುಕಿ, ಬಗ್ಗಿ, ಒಂದೊಂದಾಗಿ ತೊಡಿಸಿದಳು. ಹೊರಗೆ ಮಾರ್ಚ್ ತಿಂಗಳ ಚಳಿ, ದೊಡ್ಡ ಸರೋವರದ ಕಡೆಯಿಂದ ಗಾಳಿ ಬೇರೆ. ಅವನು ಕಾಲು ಎಳೆದುಕೊಳ್ಳಲಿಲ್ಲ.

ಗಾಡಿಯವರು ಅವನನ್ನು ಕೆಳಗಿಳಿಸಿ ಗಾಡಿಗೆ ಏರಿಸುವಾಗ ಪ್ರಾರ್ಥನಾಲಯದಲ್ಲಿ ಜನ ಸೇರಿದ್ದರು, ಹಾಡು ಶುರುವಾಗಿತ್ತು. ಲೊರೇನ್ ಓಡಿಬಂದಳು.

"ಸಿಸ್ಟರ್, ಎಲ್ಲಿಗೆ ಹೊರಟ್ರಿ? ಬಿಷಪ್ಪರು ಕಾಯ್ತಿದ್ದಾರೆ. ಪೂಜೆ ಮುಗಿದ ಮೇಲೆ ಪೀಠದ ದೀಪ ಆರಿಸ್ಬೇಕಾದವರು ನೀವೇ ಅಲ್ವಾ?"

"ನೀನೇ ಆರಿಸ್ಬಿಡಮ್ಮ."

"ನಾನು ಬ್ಯಾಪ್ಟಿಸ್ಟ್, ನಿಮ್ಮ ಪಂಥದವಳಲ್ಲ!"

"ದೀಪಕ್ಕೆ ಅದೆಲ್ಲ ಗೊತ್ತಾಗಲ್ಲ," ಅಂದು ಸಿಸ್ಟರ್ ಗಾಡಿಯ ಹಿಡಿಕೆಗೆ ಕೈ ಹಾಕಿದಳು. ಗಾಡಿಯವನೊಬ್ಬ ತೋಳು ಹಿಡಿದು ಹತ್ತಿಸಿದ. ಅವಳು ಹಿಂದಕ್ಕೆ ತಿರುಗಿ ನೋಡಲಿಲ್ಲ. ನೋಡಿದರೆ ಇಳಿದುಬಿಡುತ್ತೇನೆ ಅನ್ನುವ ಭಯವಿತ್ತು.

ಗಾಡಿ ಸೇತುವೆ ಹತ್ತುವಾಗ ದುದೆಕ್ ಕಣ್ಣು ತೆರೆದ.

"ಈಗ ಕೇಳು."

"ಏನು?"

"ನಾನು ಹೇಳಿದ್ದನ್ನ ಜೋಸೆಫನ ಹತ್ತಿರ ಕೇಳು. ಗಟ್ಟಿಯಾಗಿ ಕೇಳು, ನನ್ನ ಕಿವಿಗೆ ಬೀಳ್ಬೇಕು. ನಿನ್ನ ಮನಸ್ಸಲ್ಲಿ ಹೇಳ್ಕೊಳ್ಳೋದನ್ನ ಇನ್ನು ನಂಬಲ್ಲ ನಾನು."

ಅವಳು ಕೈ ಜೋಡಿಸಿದಳು. ಗಾಡಿ ಕುಲುಕುತ್ತಿತ್ತು. ಎಷ್ಟೋ ಮಂಚಗಳ ಪಕ್ಕ ಹೇಳಿದ ಪ್ರಾರ್ಥನೆ, ನಾಲಿಗೆಗೆ ತಾನಾಗಿ ಬರಬೇಕಿತ್ತು, ಬರಲಿಲ್ಲ. ತೋಚಿದ ಹಾಗೆ ಶುರುಮಾಡಿದಳು.

"ಸಂತ ಜೋಸೆಫಾ, ಇವನು ಕಾಸಿಮಿರ್. ಮರಿಯಾನಾ ದುದೆಕ್‌ಳ ಮಗ. ಇವನಿಗೆ ಸಾಕಾಗಿದೆ. ನನ್ನಿಂದ ತಡ ಆಯ್ತು, ಇವನ ತಪ್ಪಲ್ಲ. ಇವನನ್ನ ಕರ್ಕೋ. ಇವತ್ತೇ ಕರ್ಕೋ, ನೋವಿಲ್ಲದ ಹಾಗೆ..."

ಮುಂದೆ ಕೂತಿದ್ದ ಗಾಡಿಯವನು ಗಾಬರಿಯಿಂದ ಹಿಂತಿರುಗಿ ನೋಡಿದ. ಅಷ್ಟರಲ್ಲಿ ದುದೆಕ್‌ನ ಸುಟ್ಟ ಗುರುತಿನ ಕೈ ಬಂದು ಅವಳ ಜೋಡಿಸಿದ ಕೈಗಳನ್ನು ಬಿಗಿಯಾಗಿ ಹಿಡಿಯಿತು.

"ನಿಲ್ಸು, ನಿಲ್ಸು. ಇವತ್ತೇ ಅನ್ಬೇಡ."

"ನೀನೇ ಹೇಳಿದ್ಯಲ್ಲೋ."

"ಹೇಳ್ದೆ." ಕಿಟಕಿಯಾಚೆ ಅವನಿಗೆ ಗೊತ್ತಿಲ್ಲದ ಗಾಜಿನ ಕಟ್ಟಡಗಳು ಒಂದರ ಹಿಂದೊಂದು ಸರಿಯುತ್ತಿದ್ದವು. "ಹೆದರಿಕೆ ಆಗ್ತಿದೆ ಜೆನಿಯಾ. ಅಲ್ಲಿ ಆಗಿದ್ರೆ ಆಗ್ತಿರ್ಲಿಲ್ಲ."

ಇಳಿಯುವವರೆಗೂ ಅವನು ಕೈ ಬಿಡಲಿಲ್ಲ, ಅವಳೂ ಬಿಡಿಸಿಕೊಳ್ಳಲಿಲ್ಲ.