ಮನೆ ಗೋಧಿಯ ಬ್ರೆಡ್

ಮಾಂಡಾಗೆ ಅಕ್ಕ ರೂಜಾಳನ್ನು ಕಂಡರೆ ಹೊಟ್ಟೆ ಉರಿಯುತ್ತಿತ್ತು. ಸುಮ್ಮನೆಯಲ್ಲ. ಶಾಲೆ ಕಲಿಯಲಿ ಎಂದು ಚಿಕ್ಕಂದಿನಲ್ಲೇ ಮಾಂಡಾಳನ್ನು ಓಸಿಯೆಕ್ ಪೇಟೆಯ ಚಿಕ್ಕಮ್ಮನ ಮನೆಗೆ ಸಾಗಹಾಕಿದ ಅಮ್ಮ, ರೂಜಾಳನ್ನು ಮಾತ್ರ ಸಾವಾ ನದಿಯ ದಂಡೆಯ ಮನೆಯಲ್ಲೇ ಇಟ್ಟುಕೊಂಡಳು. ಹೊಲದ್ದೇ ಗೋಧಿ, ಊರಿನದೇ ಗಿರಣಿ, ಅಮ್ಮನ ಕೈಯ ಬಿಸಿ ಬ್ರೆಡ್, ಅದರ ಮೇಲೆ ಹಂದಿಕೊಬ್ಬು ಸವರಿ ಉದುರಿಸಿದ ಕೆಂಪುಮೆಣಸಿನ ಪುಡಿ! ಮಾಂಡಾಗೆ ಅಂಗಡಿಯ ಬ್ರೆಡ್ಡೇ ಗತಿ. ರಜೆಗೆ ಬಂದರೆ ನೆಂಟರಿಗೆ ಕೊಟ್ಟಂತೆ ಒಂದು ಚೂರು. "ಅಮ್ಮನ ಬ್ರೆಡ್ಡೆಲ್ಲ ನೀನೇ ನುಂಗಿದೆ" ಎಂದು ಐವತ್ತು ದಾಟಿದ ಮೇಲೂ ಅಕ್ಕನನ್ನು ಚುಚ್ಚುತ್ತಿದ್ದಳು.

ಈಗ ರೂಜಾಳ ಎರಡೂ ಕಿಡ್ನಿ ಕೈಕೊಟ್ಟಿದ್ದವು. ಅಮ್ಮ ಹೋದದ್ದೂ ಅದೇ ಕಾಯಿಲೆಯಲ್ಲಿ. ದಿನ ಬಿಟ್ಟು ದಿನ ಡಯಾಲಿಸಿಸ್, ಮೈಯ ರಕ್ತವನ್ನೆಲ್ಲ ಯಂತ್ರವೇ ತೊಳೆಯಬೇಕು. ಒಂದು ಲೋಟ ನೀರಿಗೂ ಕಟ್ಟುಪಾಡು. ಆದರೂ ಊರವರೆಲ್ಲ ಸೇಬಿನ ಕಡುಬು ಹಿಡಿದು ಅಕ್ಕನ ಮಂಚ ಸುತ್ತುವುದನ್ನು ಕಂಡು ಮಾಂಡಾಗೆ ಉರಿದುಹೋಯಿತು. ಥೂ, ಕಾಯಿಲೆಯಲ್ಲೂ ಇವಳದೇ ದರ್ಬಾರು!

ಯಾರಾದರೂ ಕಿಡ್ನಿ ಕೊಟ್ಟರೆ ರೂಜಾ ಉಳಿಯುತ್ತಾಳೆ ಎಂದರು ಆಸ್ಪತ್ರೆಯ ಡಾಕ್ಟರಮ್ಮ. ಮಾಂಡಾ ಮುಖ ಗಂಟು ಹಾಕಿಕೊಂಡೇ ಪರೀಕ್ಷೆಗೆ ಹೋದಳು.

ಡಾಕ್ಟರಮ್ಮ ಇಬ್ಬರನ್ನೂ ಎದುರಿಗೆ ಕೂರಿಸಿಕೊಂಡರು. "ನಿಮ್ಮ ಹೊಲದಲ್ಲಿ ತೋಳಹೆಜ್ಜೆ ಅನ್ನೋ ಕಳೆ ಇತ್ತಾ?"

"ಅಯ್ಯೋ, ಬೇಕಾದಷ್ಟು! ಹಳದಿ ಹೂವಿಂದು," ಎಂದಳು ರೂಜಾ. "ಕೊಯ್ಲಲ್ಲಿ ಗೋಧಿ ಜೊತೆ ಅದೂ ಬರೋದು. ಯಾರು ಕೂತು ಆರಿಸ್ತಾರೆ?"

"ಅದರ ಬೀಜ ಹಿಟ್ಟಲ್ಲಿ ಸೇರಿ ನಿಮ್ಮ ಬ್ರೆಡ್ಡಿಗೆ ಬಂದಿದೆ. ವರ್ಷಾನುಗಟ್ಟಲೆ ತಿಂದ್ರೆ ಕಿಡ್ನಿ ಸದ್ದಿಲ್ಲದೆ ಸುರುಟಿಹೋಗುತ್ತೆ. ಆ ಮನೇಲಿ ಉಂಡು ಬೆಳೆದವರ ಕಿಡ್ನಿ ನಾವು ತಗೊಳ್ಳೋದಿಲ್ಲ." ಡಾಕ್ಟರಮ್ಮ ಮಾಂಡಾಳತ್ತ ತಿರುಗಿದರು. "ನೀವು ಪೇಟೇಲಿ ಬೆಳೆದ್ರಿ. ನಿಮ್ಮದು ಗಟ್ಟಿಯಾಗಿದೆ, ಅಕ್ಕನಿಗೆ ಹೊಂದುತ್ತೆ. ಕೊಡೋದು ಬಿಡೋದು ನಿಮ್ಮಿಷ್ಟ."

ಮಾಂಡಾಗೆ ಅಮ್ಮನ ಬಿಸಿ ಬ್ರೆಡ್ ನೆನಪಾಯಿತು. ಇಷ್ಟು ವರ್ಷ ಬಾಯಿ ಬಿಟ್ಟುಕೊಂಡು ನೋಡಿದ್ದು ಆ ವಿಷವನ್ನೇ!

ಹೊರಗೆ ಬಂದ ಮೇಲೆ ರೂಜಾ ಅವಳ ತೋಳು ಹಿಡಿದಳು. "ರಜೇಲಿ ನೀನು ಹೊಸ ಬೂಟು ಹಾಕ್ಕೊಂಡು ಬರ್ತಿದ್ದೆಯಲ್ಲ, ನನಗೂ ಹೊಟ್ಟೆಕಿಚ್ಚಾಗೋದು ಕಣೇ. ಮನಸ್ಸಿಲ್ಲ ಅಂದ್ರೆ ಬೇಡ."

"ಬಾಯ್ಮುಚ್ಚು. ಕೊಡ್ತೀನಿ. ಆದ್ರೆ ಜೋಪಾನ ಮಾಡದಿದ್ರೆ ವಾಪಸ್ ಕಿತ್ಕೋತೀನಿ!"

ಆಪರೇಷನ್ ಆಯಿತು. ಬಂದವರೆಲ್ಲ ಮತ್ತೆ ರೂಜಾಳ ಮಂಚಕ್ಕೇ ಮುತ್ತಿದರು. "ಹೊಸ ಕಿಡ್ನಿ ಹೇಗಿದೆ?" ಎಂದು ಅವಳನ್ನೇ ಕೇಳಿದರು. ಪಕ್ಕದ ಮಂಚದಲ್ಲಿ ಹೊಲಿಗೆ ಹಿಡಿದು ಮಲಗಿದ್ದ ಮಾಂಡಾಳನ್ನು ಒಂದು ನರಪಿಳ್ಳೆಯೂ ವಿಚಾರಿಸಲಿಲ್ಲ. ನನ್ನದನ್ನೇ ಕಿತ್ತುಕೊಟ್ಟರೂ ಇದೇ ಹಣೆಬರಹವಾ ಎಂದು ಅವಳು ಗೋಡೆಯ ಕಡೆ ಹೊರಳಿದಳು.

ಎಲ್ಲರೂ ಹೋದ ಮೇಲೆ ಊಟ ಬಂತು. ರೂಜಾ ತನ್ನ ತಟ್ಟೆಯ ಬ್ರೆಡ್ ಮುರಿದು ದೊಡ್ಡ ತುಂಡನ್ನು ತಂಗಿಯತ್ತ ಚಾಚಿದಳು.

"ತಗೊಳ್ಳೇ. ಅಂಗಡೀದು."

ಮಾಂಡಾ ಕೈ ಚಾಚಿ ಕಸಿದುಕೊಂಡಳು. ಅಳುತ್ತಲೇ ಪೂರ್ತಿ ತಿಂದಳು.