ಸಾಕ್ಷಿಬಳ್ಳಿಯ ತೀರ್ಪು

ಸಾವಿರದ ಒಂಬೈನೂರ ಮೂವತ್ತೊಂದನೆಯ ಇಸವಿ, ನವೆಂಬರ್ ಹದಿನೆಂಟು, ಬುಧವಾರ, ಬೆಳಿಗ್ಗೆ ಎಂಟೂಕಾಲು ಗಂಟೆ. ಬಡವನಹಳ್ಳಿಯ ಕಾಟಪ್ಪನವರ ಮನೆಯ ಮುಂದೆ ಪಾವಗಡದ ಕಡೆಯಿಂದ ಬಂದ ಕಮಾನುಗಾಡಿ ನಿಂತಿತು. ಅವರ ಸೊಸೆ ನರಸಮ್ಮ ಚೊಚ್ಚಲ ಬಾಣಂತನ ಮುಗಿಸಿ, ಐದು ತಿಂಗಳ ಮಗನನ್ನೆತ್ತಿಕೊಂಡು ತವರಿನಿಂದ ಮರಳಿದ್ದಳು. ಅತ್ತೆ ಹೊನ್ನಕ್ಕ ಆರತಿಗೆ ಅರಿಸಿನದ ನೀರು ಕಲಸುತ್ತಿದ್ದರು. ಒಲೆಯ ಮೇಲೆ ಹೆಸರುಬೇಳೆ ಪಾಯಸ ಕುದಿಯುತ್ತಿತ್ತು. ಕಾಲೇಜಿನಲ್ಲಿ ವಿಜ್ಞಾನ ಓದಿ ಆ ಊರಿನ ಶಾಲೆಗೆ ಮೇಷ್ಟರಾಗಿ ಬಂದಿದ್ದ ನಾನು, ಅದೇ ಮನೆಯ ಜಗಲಿಯ ಕೋಣೆಯಲ್ಲಿ ವಾಸವಾಗಿದ್ದೆ.

ಸಾಕ್ಷಿಬಳ್ಳಿಯಿಲ್ಲದ ದೊಡ್ಡ ಮನೆ ಆ ಸೀಮೆಯಲ್ಲಿಲ್ಲ. ಬೆಟ್ಟದ ಬಂಡೆಯ ನಡುವಿನ ನೀರಿನ ದೊಣೆಯಿಂದ ಅದನ್ನು ತಂದು ಹೊಸ್ತಿಲ ಬಲಗಡೆ ಕಲ್ಲಿನ ಬಾನಿಯಲ್ಲಿ ನೆಡುತ್ತಾರೆ. ಅಂಗೈಯಗಲದ ಎಲೆ, ಬೆರಳುಗಳಂತೆ ಐದು ಸೀಳು. ಮುಸ್ಸಂಜೆಯಲ್ಲಿ ನೀಲಿಯಾಗಿ ಬೆಳಗುತ್ತದೆ; ಅದನ್ನು ನಾನೇ ಕಣ್ಣಾರೆ ಕಂಡಿದ್ದೇನೆ. ಪಾಪಿ ಮುಟ್ಟಿದರೆ ಎಲೆ ಮುಷ್ಟಿಯಂತೆ ಮಡಚಿಕೊಳ್ಳುತ್ತದೆಂದು ನಂಬಿಕೆ. ಎತ್ತಿನ ವ್ಯಾಪಾರ, ಬದುವಿನ ಜಗಳ ಎಲ್ಲವೂ ಅದರ ಮುಂದೆ ತೀರುತ್ತಿದ್ದವು. ಗಂಡಸರು ಬಾವಿಯ ನೀರಿನಲ್ಲಿ ಕೈ ತೊಳೆದು ಮುಟ್ಟುತ್ತಾರೆ. ತವರಿನಿಂದ ಬಂದ ಸೊಸೆ ಮಾತ್ರ ಕೈ ತೊಳೆಯಕೂಡದು. ಹೆಣ್ಣಿನ ಪಾಪವನ್ನು ನೀರು ಮರೆಸಿಬಿಡುತ್ತದಂತೆ.

ಗಾಡಿಯಿಂದಿಳಿದ ನರಸಮ್ಮನ ಕಣ್ಣುಗಳು ಕೆಂಪಾಗಿದ್ದವು, ತುಟಿ ಒಡೆದಿತ್ತು.

"ಅತ್ತೆಮ್ಮ, ದಾರೀಲೇ ಚಳಿ ಬಂತು. ಒಂಚೂರು ಮಲಗ್ತೀನಿ."

"ಮಲಗೀವಂತೆ ಕಣಮ್ಮ. ಮೊದ್ಲು ಎಲೆ ಮುಟ್ಟು."

ಮುಟ್ಟಿದಳು. ಎಲೆ ಮೆಲ್ಲಗೆ ಮಡಚಿಕೊಂಡಿತು.

ಹೊನ್ನಕ್ಕನ ಕೈಯಿಂದ ಆರತಿ ತಟ್ಟೆ ಬಿತ್ತು. ಅವರು ಮಗುವನ್ನು ಕಿತ್ತುಕೊಂಡರು. ಅರ್ಧ ಗಂಟೆಯೊಳಗೆ ನರಸಮ್ಮ ದನದ ಕೊಟ್ಟಿಗೆಯಲ್ಲಿದ್ದಳು. ಬಾಗಿಲಿಗೆ ಬೀಗ ಬಿತ್ತು. ದಿನಾ ಸೂರ್ಯ ಹುಟ್ಟುವಾಗ ಎಲೆ ಮುಟ್ಟಿಸಬೇಕು. ಅದು ಮಡಚದೆ ಅರಳಿಯೇ ಉಳಿಯುವ ದಿನದ ತನಕ ಮನೆಯ ಹಾಲಿಲ್ಲ, ಔಷಧಿಯಿಲ್ಲ.

ಅವಳ ಗಂಡ ಪಾಲಪ್ಪನ ಕೈಗೆ ನನ್ನ ಥರ್ಮಾಮೀಟರ್ ಕೊಟ್ಟೆ. ಅವನು ಕಿಟಕಿಯ ಸಂದಿಯಿಂದ ತೂರಿಸಿ, ಅವಳು ಕಂಕುಳಲ್ಲಿ ಇರಿಸಿಕೊಂಡ ಮೇಲೆ ಮರಳಿ ತಂದ. ನೂರ ನಾಲ್ಕು ಡಿಗ್ರಿ. ಮಲೇರಿಯಾ. ಕ್ವಿನೈನ್ ಪೊಟ್ಟಣವನ್ನೂ ಕೊಟ್ಟು ಕಳಿಸಿದೆ. ದಾರಿಯಲ್ಲಿ ತಾಯಿ ಕಸಿದು ತಿಪ್ಪೆಗೆಸೆದರು. ಅವನು ಬರಿಗೈಯಲ್ಲಿ ಬಂದು ನನ್ನೆದುರು ತಲೆ ತಗ್ಗಿಸಿದ.

ಮಧುಗಿರಿಯ ಡಾಕ್ಟರಿಗೆ ಹೇಳಿಕಳಿಸಿದೆ. ಅವರು ಶಿರಾ ಕಡೆ ಸಿಡುಬಿನ ದೇವಿ ಹಾಕಲು ಹೋಗಿದ್ದರು.

ಮರುದಿನ ಕಾಟಪ್ಪನವರನ್ನು ಬಳ್ಳಿಯ ಮುಂದೆ ನಿಲ್ಲಿಸಿ, ಬಿಸಿನೀರು ತುಂಬಿದ ನನ್ನ ಲೋಟವನ್ನು ಎಲೆಗೆ ತಗುಲಿಸಿದೆ. ಎಲೆ ಮಡಚಿತು.

"ನೋಡಿ ಯಜಮಾನರೇ, ಲೋಟ ಏನು ಪಾಪ ಮಾಡಿತ್ತು? ಇದು ಬಿಸಿಗೆ ಮಡಚುತ್ತೆ, ಅಷ್ಟೇ. ಆಕೆಗೆ ಜ್ವರ."

ಅವರು ಲೋಟವನ್ನು ಹಿಂದೆ ಮುಂದೆ ತಿರುಗಿಸಿ ನೋಡಿದರು.

"ಎಲ್ಲಿ ತಗಂಡ್ರಿ ಇದ್ನ?"

"ಶಿರಾದಲ್ಲಿ, ಹೋಟೆಲು ಮುಚ್ಚಿದವನ ಹತ್ತಿರ."

"ಹಂಗೇಳಿ ಮತ್ತೆ! ಎಷ್ಟು ಜನದ ಎಂಜ್ಲು ಕಂಡೈತೋ! ಅದ್ರ ಪಾಪ ಅದಕ್ಕೇ ಗೊತ್ತು."

ಜಗಲಿಯಲ್ಲಿದ್ದವರು ನಕ್ಕರು. ನಾನು ಕೈ ಮುಗಿದೆ.

"ಜ್ವರ ಇಳೀಲಿ, ಆಮೇಲೆ ಮುಟ್ಟಿಸಿ. ನಿಮ್ಮ ಕಾಲು ಹಿಡೀತೀನಿ."

"ಬುಡ್ತು ಅನ್ನಿ ಮೇಷ್ಟ್ರೇ. ಪಾಪ ಮಾಡಿರೋದ್ಕೇ ಜ್ವರ ಬಂದಿರೋದು. ಔಷ್ದಿ ಕೊಟ್ರೆ ಸಾಕ್ಷಿ ಕೆಡ್ತದೆ. ನಮ್ಮಮ್ಮನೂ ಮುಟ್ಟಿದ್ಲು, ನನ್ ಹೆಂಡ್ತೀನೂ ಮುಟ್ಟಿದ್ಲು. ಅವರಿಗೆಲ್ಲ ಮಡಚ್ತಾ?"

ಶುಕ್ರವಾರ ಬೆಳಿಗ್ಗೆ ಅವಳನ್ನು ಇಬ್ಬರು ಹೆಂಗಸರು ಹಿಡಿದು ತಂದರು. ಬೆರಳು ಸೋಕುತ್ತಲೇ ಎಲೆ ಪಟ್ಟನೆ ಮುಚ್ಚಿತು. ಒಳಗೆ ಮಗು ಅಳುತ್ತಿತ್ತು. ಅವಳ ಕುಪ್ಪಸ ಹಾಲಿನಿಂದ ನೆನೆದಿತ್ತು. ಜ್ವರದಲ್ಲಿ ತವರಿನ ತೆಲುಗೊಂದೇ ಅವಳ ಬಾಯಿಗೆ ಬರುತ್ತಿತ್ತು. "ನೇನೇಮೀ ಚೇಯಲೇದು, ನೇನೇಮೀ ಚೇಯಲೇದು." ನಾನೇನೂ ಮಾಡಿಲ್ಲ, ನಾನೇನೂ ಮಾಡಿಲ್ಲ.

ಶನಿವಾರ ಬೀಗ ತೆಗೆದಾಗ ನರಸಮ್ಮ ಗೋದಲಿಗೆ ಒರಗಿಕೊಂಡೇ ತಣ್ಣಗಾಗಿದ್ದಳು.

ಇದಾದ ಮೇಲೆ ನಡೆದದ್ದನ್ನು ಬರೆಯುವಾಗ ಇಂದಿಗೂ ನನ್ನ ಮೈ ಜುಮ್ಮೆನ್ನುತ್ತದೆ. ಹೆಣವನ್ನು ಅಂಗಳಕ್ಕೆ ತಂದರು. ಕಳಂಕಿತೆಯಾಗಿ ಸುಡಬಾರದೆಂದು, ಅದರ ಕೈಯನ್ನೂ ಎತ್ತಿ ಎಲೆಯ ಮೇಲಿಟ್ಟರು. ಎಲ್ಲರೂ ಬಗ್ಗಿ ನೋಡಿದರು. ಎಲೆ ಅಲುಗಲಿಲ್ಲ. ಅರಳಿದ್ದದ್ದು ಅರಳಿದಂತೆಯೇ ಇತ್ತು.

"ನನ್ ಸೊಸೆ ಅಪರಂಜಿ ಕಣ್ರಪ್ಪೋ!" ಹೊನ್ನಕ್ಕ ಹಣೆ ಹಣೆ ಬಡಿದುಕೊಂಡು ಹೆಣದ ಮೇಲೆ ಬಿದ್ದರು. ಆ ಅಳುವಿನಲ್ಲಿ ಸಂತೋಷವಿತ್ತು, ಓದುಗರೇ! ಕಾಟಪ್ಪನವರು ತಮಟೆಗೆ ಹೇಳಿಕಳಿಸಿದರು. ಪೆಟ್ಟಿಗೆಯಿಂದ ಧಾರೆಯ ಸೀರೆ ಬಂತು. ಹೆಂಗಸರು ಸಾಲಾಗಿ ನಿಂತು ಆ ತಣ್ಣನೆಯ ಪಾದಗಳಿಗೆ ಕುಂಕುಮ ಹಚ್ಚಿ, ಕಣ್ಣಿಗೊತ್ತಿಕೊಂಡರು.

ಪಾಲಪ್ಪ ಕೆಂಡದ ಮಡಕೆಯನ್ನು ಅಂಗೈಯಲ್ಲಿ ಹೊತ್ತು ಬಾಗಿಲಿಗೆ ಬಂದ. ಬಳ್ಳಿಯ ಮುಂದೆ ನಿಂತ. ಮಡಕೆಯನ್ನು ನೆಲಕ್ಕಿಟ್ಟು, ಅದೇ ಕೈಯನ್ನು ಎಲೆಯ ಮೇಲಿಟ್ಟ.

ಎಲೆ ಮುಷ್ಟಿಯಾಯಿತು.

ತಮಟೆ ನಿಂತಿತು. ಹೊನ್ನಕ್ಕ ಓಡಿಬಂದು ಮಗನ ಕೈ ಕಿತ್ತು ಸೆರಗಿನಿಂದ ಒರೆಸಿದರು.

"ನೀನೇನೂ ಮಾಡಿಲ್ಲ ಕಣ್ಲಾ! ಮಡಕೆ ಹಿಡಿದಿದ್ಯಲ್ಲ, ಕೈ ಬಿಸಿಯಾಗೈತೆ, ಅದಕ್ಕೇ ಮಡಚ್ತು. ಯಾರಾದ್ರೂ ನೀರು ತನ್ನಿ, ತಣ್ಣೀರು ತನ್ನಿ!"

ಪಾಲಪ್ಪ ಕೈ ಬಿಡಿಸಿಕೊಂಡ.

"ಅವಳ್ಗೂ ಕೈ ಬಿಸಿಯಾಗಿತ್ತು ಕಣವ್ವ. ಯಾಕವ್ವ ನೀರು ಕೊಡ್ಲಿಲ್ಲ?"

ಕಾಟಪ್ಪನವರು ನನ್ನ ಕಡೆ ನೋಡಿದರು. ಪಾಲಪ್ಪ ಬಳ್ಳಿಯನ್ನು ಬೇರುಸಹಿತ ಕಿತ್ತು, ಕೆಂಡದ ಮೇಲೆ ಹಾಕುವ ಮೊದಲು ಒಂದು ಕುಡಿಯನ್ನು ಮುರಿದು ನನ್ನ ಕೈಗಿತ್ತ.

"ಎಷ್ಟು ಬಿಸಿಗೆ ಮಡಚ್ತದೆ ಅಂತ ಅಳೀರಿ ಮೇಷ್ಟ್ರೇ. ಮನೆಮನೆಗೂ ಹೋಗಿ ಹೇಳ್ಬೇಕು."

ಅದೇ ಸಂಜೆ, ನೀಲಿಯಾಗಿ ಬೆಳಗುತ್ತಿದ್ದ ಆ ಕುಡಿಯ ಎಲೆಗೆ ನೀರಿನ ಲೋಟ ತಗುಲಿಸಿ, ಬಿಸಿಯನ್ನು ಸ್ವಲ್ಪ ಸ್ವಲ್ಪವೇ ಏರಿಸುತ್ತ ಅದೇ ಥರ್ಮಾಮೀಟರಿನಲ್ಲಿ ಅಳೆದೆ. ಸಾಕ್ಷಿಬಳ್ಳಿಯ ಎಲೆ ಮಡಚುವುದು, ಮನುಷ್ಯರಿಗೆ ಜ್ವರ ಶುರುವಾಗುವ ತೊಂಬತ್ತೊಂಬತ್ತು ಡಿಗ್ರಿಗೆ.